ಏಳಡಿ ಎರಡಿಂಚು

ನಾನು ಓದು ನಿಲ್ಲಿಸಿದ್ದು ೧೯೯೫ರಲ್ಲಿ, ಒಂಬತ್ತನೇ ಕ್ಲಾಸಿನ ಅರ್ಧಕ್ಕೆ. ಚಾಮರಾಜಪೇಟೆಯ ಮನೆಯಲ್ಲಿ ಅಪ್ಪ ಎರಡು ದಿನ ಮಾತು ಬಿಟ್ಟರು. ಮೂರನೇ ದಿನ ನಾನೇ ಹೋಗಿ, ಸಿನಿಮಾ ಕ್ಯಾಮೆರಾ ಬಾಡಿಗೆಗೆ ಕೊಡುವವರ ಬಳಿ ಪೆಟ್ಟಿಗೆ ಹೊರುವ ಕೆಲಸಕ್ಕೆ ಸೇರಿದೆ. ಹನ್ನೆರಡು ವರ್ಷ ಹೊತ್ತ ಮೇಲೆ ಫೋಕಸ್ ಪುಲ್ಲರ್ ಆದೆ. ಯಾರ ಶಿಫಾರಸೂ ಇರಲಿಲ್ಲ.

ಪರದೆಯ ಮೇಲೆ ನಟರ ಕಣ್ಣು ಸ್ಪಷ್ಟವಾಗಿ ಕಂಡರೆ ನನ್ನನ್ನು ಯಾರೂ ನೆನೆಯುವುದಿಲ್ಲ. ಮಸುಕಾದರೆ ಇಡೀ ಯೂನಿಟ್ಟು ನನ್ನ ಕಡೆ ತಿರುಗುತ್ತದೆ. ಕ್ಯಾಮೆರಾದಿಂದ ನಟರ ಕಣ್ಣಿನವರೆಗೆ ಟೇಪು ಹಿಡಿದು ಅಳೆಯಬೇಕು, ಆ ಅಳತೆಗೆ ಲೆನ್ಸ್ ತಿರುಗಿಸಬೇಕು. ಈಗಿನವರು ಮಾನಿಟರ್ ನೋಡಿ ತಿರುಗಿಸುತ್ತಾರೆ. ನಾನು ಟೇಪಿನವನು.

ಈ ಅಭ್ಯಾಸ ಕೂತಲ್ಲಿ ಕೂರಲು ಬಿಡುವುದಿಲ್ಲ. ವಿಶ್ವೇಶ್ವರಪುರಂನಲ್ಲಿ ದೋಸೆಗೆ ನಿಂತರೆ, ಕಾವಲಿಗೆ ಐದೂವರೆ ಅಡಿ ಎನ್ನುತ್ತದೆ ತಲೆ. ಮದುವೆಮನೆಯಲ್ಲಿ ಬೆರಳು ತಾನಾಗಿ ತಿರುಗುತ್ತಿರುತ್ತದೆ. ಹೆಂಡತಿ ಕೈ ಅದುಮಿ, "ರೀ, ಸುಮ್ನಿರಿ. ನೋಡಿದೋರು ಡಾಕ್ಟ್ರ ಹತ್ರ ತೋರ್ಸಿ ಅಂತಾರೆ" ಅನ್ನುತ್ತಾಳೆ.

ಹೋದ ವರ್ಷ ಟೇಪಿನ ಸಣ್ಣ ಅಂಕಿಗಳು ಕಾಣದಾದವು. ಯಾರಿಗೂ ಹೇಳಲಿಲ್ಲ. ಅವನ ಕಣ್ಣು ಹೋಯಿತು ಎಂದು ಒಬ್ಬರು ಆಡಿದರೆ ಸಾಕು, ಮುಂದಿನ ಪಿಕ್ಚರಿಗೆ ಬೇರೆಯವರು ಬರುತ್ತಾರೆ. ಟೇಪಿನ ಪ್ರತಿ ಅಡಿಗೂ ಚೂರು ಬಟ್ಟೆ ಅಂಟಿಸಿದೆ. ಬೆರಳಲ್ಲಿ ಎಣಿಸಿದರೆ ಅಡಿ ಸಿಗುತ್ತಿತ್ತು. ಇಂಚು ಅಂದಾಜು. ಹೀಗೇ ಆರು ತಿಂಗಳು ನಡೆಸಿದೆ.

ಒಂದು ದಿನ ಬಸವನಗುಡಿಯ ಹಳೇ ಮನೆಯೊಂದರಲ್ಲಿ ಶೂಟಿಂಗ್. ಸೆಟ್ಟಿನಲ್ಲಿ ಎಲ್ಲರೂ ಅಮ್ಮ ಎಂದು ಕರೆಯುವ ಹಿರಿಯ ನಟಿಯೊಬ್ಬರು ದೇವರ ಕೋಣೆಯ ಬಾಗಿಲಲ್ಲಿ ನಿಂತು ಅಳಬೇಕು. ಅವತ್ತಿನ ಲೆನ್ಸಿನಲ್ಲಿ ಎರಡಿಂಚು ತಪ್ಪಿದರೂ ಕಣ್ಣು ಮಸುಕು. ಅಳೆದೆ. ಬೆರಳಿಗೆ ಏಳು ಬಟ್ಟೆ ಸಿಕ್ಕವು. ಮಿಕ್ಕದ್ದು ಆರಿಂಚು ಇರಬಹುದು ಅಂದುಕೊಂಡೆ.

ಅಮ್ಮ ಗ್ಲಿಸರಿನ್ ಇಲ್ಲದೆಯೇ ಅತ್ತರು. ಕಟ್ ಆಯಿತು. ಕ್ಯಾಮೆರಾಮನ್ ಮಾನಿಟರಿನಿಂದ ತಲೆ ಎತ್ತಿ, "ಕಿವಿ ಓಲೆ ಚೆನ್ನಾಗಿ ಹೊಳೀತಿದೆ ಗುರು. ಕಣ್ಣೆಲ್ಲಿ?" ಎಂದರು.

"ಲೆನ್ಸ್ ಸರಿ ಇಲ್ಲ ಸರ್" ಎಂದುಬಿಟ್ಟೆ.

ಬೆಳಿಗ್ಗೆ ಆ ಲೆನ್ಸನ್ನು ಪರೀಕ್ಷೆ ಮಾಡಿ ತಂದವನು ನನ್ನ ಜೊತೆಯ ಅಸಿಸ್ಟೆಂಟ್, ಐದು ಪಿಕ್ಚರಿನ ಗೆಳೆಯ. ಅವನು ನನ್ನ ಮುಖ ನೋಡಿದ. ಆ ಲೆನ್ಸ್ ಬಿಚ್ಚಿಟ್ಟು ಅಂಥದ್ದೇ ಇನ್ನೊಂದನ್ನು ಹಾಕಿದ.

ಮತ್ತೆ ಟೇಪು ಹಿಡಿದು ಅಮ್ಮನ ಹತ್ತಿರ ಹೋದೆ. ಅವರು ಮೆಲ್ಲಗೆ ಕೇಳಿದರು: "ಏನಪ್ಪಾ, ಅಷ್ಟು ದೂರ ಹಿಡ್ದು ಓದ್ತೀಯಲ್ಲ? ನಮ್ಮನೇರೂ ಹಿಂಗೇ ಪೇಪರ್ ಓದೋರು. ಕೈ ಉದ್ದ ಸಾಲ್ದೆ ಹೋದ್ಮೇಲೆ ಕನ್ನಡಕ ತಗೊಂಡ್ರು." ಪಕ್ಕದ ಕುರ್ಚಿಯಲ್ಲಿದ್ದ ಪರ್ಸಿನಿಂದ ತಮ್ಮದನ್ನು ತೆಗೆದರು. "ಹಾಕ್ಕೋ. ಈ ಸೀನಲ್ಲಿ ನಂಗ್ ಬೇಡ."

"ಬೇಡಮ್ಮಾ."

"ಎರಡ್ಸಲ ಅಳು ಬರತ್ತೆ ಕಣಪ್ಪ. ಮೂರನೇ ಸಲ ಬರಲ್ಲ."

ಹಾಕಿಕೊಂಡೆ. ಚಿನ್ನದ ಬಣ್ಣದ ಸಣ್ಣ ಫ್ರೇಮು, ಹೆಂಗಸರದ್ದು. ಲೈಟಿನವರು ಕಿಸಕ್ಕೆಂದರು. ಟೇಪಿನ ಮೇಲೆ ಅಂಕಿ ಕಪ್ಪಗೆ ನೆಟ್ಟಗೆ ನಿಂತಿತ್ತು: ಏಳಡಿ ಎರಡಿಂಚು.

ಎರಡನೇ ಟೇಕ್ ಓಕೆ ಆಯಿತು. ಅಮ್ಮನ ಕನ್ನಡಕ ವಾಪಸ್ ಕೊಟ್ಟೆ. ನಾನು ಸುಮ್ಮನಿದ್ದಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಆದರೆ ಗೆಳೆಯ ಆ ಲೆನ್ಸನ್ನು ವಾಪಸ್ ಕಳಿಸಲು ಪೆಟ್ಟಿಗೆಗೆ ಹಾಕುತ್ತಿದ್ದ. "ಸರ್, ಲೆನ್ಸ್ ಸರಿಯಾಗೇ ಇದೆ. ನನ್ ಕಣ್ ಸರಿ ಇಲ್ಲ. ಆರು ತಿಂಗ್ಳಾಯ್ತು" ಎಂದೆ, ಎಲ್ಲರೆದುರೇ.

"ಆರು ತಿಂಗ್ಳು ಯಾವ್ ದೇವ್ರ ಮೇಲೆ ಭಾರ ಹಾಕಿ ಎಳೀತಿದ್ದೆ?"

"ಬೆರಳ ಮೇಲೆ ಸರ್."

ಕ್ಯಾಮೆರಾಮನ್ ನಗಲಿಲ್ಲ. "ನಾಳೆ ಕನ್ನಡಕ ಹಾಕ್ಕೊಂಡ್ ಬಾ. ಈ ಪಿಕ್ಚರ್ ಮುಗ್ಸು. ಮುಂದಿಂದು ಆಮೇಲ್ ನೋಡೋಣ."

ಗೆಳೆಯ ಅವತ್ತು ನನ್ನ ಜೊತೆ ಕಾಫಿಗೆ ಬರಲಿಲ್ಲ. ಮಾರನೇ ದಿನ ನನ್ನ ಹೊಸ ಕನ್ನಡಕ ನೋಡಿ, "ಅಜ್ಜಿದೇ ಚೆನ್ನಾಗಿತ್ತು ಮಚ್ಚಾ" ಎಂದ. ಆಮೇಲೇ ನನಗೆ ಊಟ ಸೇರಿದ್ದು.

ಆ ಪಿಕ್ಚರ್ ಮುಗಿದು ಎರಡು ತಿಂಗಳಾಯಿತು. ಕ್ಯಾಮೆರಾಮನ್ ಇನ್ನೂ ಕರೆದಿಲ್ಲ. ನಾನೂ ಕೇಳಿಲ್ಲ, ಪುಲ್ಲರ್ ಆದ ಮೇಲೆ ಕೇಳಿ ಕೆಲಸ ತೆಗೆದುಕೊಂಡವನಲ್ಲ. ಬೆಳಿಗ್ಗೆ ಫೋನು ಕೈಯಲ್ಲೇ ಹಿಡಿದು ತ್ಯಾಗರಾಜನಗರದವರೆಗೆ ನಡೆದು ಬರುತ್ತೇನೆ. ಟೇಪಿಗೆ ಅಂಟಿಸಿದ್ದ ಬಟ್ಟೆಗಳನ್ನು ಕಿತ್ತು, ಅಂಟು ಒರೆಸಿ ಇಟ್ಟಿದ್ದೇನೆ. ಒಂದು ಮುರಿದರೆ ಇರಲಿ ಎಂದು ಇನ್ನೊಂದು ಕನ್ನಡಕವನ್ನೂ ಮಾಡಿಸಿದ್ದೇನೆ.

ಮನೆಯಲ್ಲಿ ನಾಲ್ಕು ಜನ. ಟೇಪು ಮೂರು. ಕನ್ನಡಕ ಎರಡು. ಕೈಯಲ್ಲಿ ಪಿಕ್ಚರ್ ಒಂದೂ ಇಲ್ಲ.