ಹೆಸರಿನ ಹಿಂದಿನ ಚಿ.ಸೌ.

ನಮ್ಮ ಕಡೆ ಮದುವೆ ಪತ್ರಿಕೆಯಲ್ಲಿ ಹುಡುಗಿಯ ಹೆಸರಿನ ಹಿಂದೆ ಚಿ.ಸೌ. ಎಂದು ಹಾಕುತ್ತಾರೆ, ಚಿರಂಜೀವಿ ಸೌಭಾಗ್ಯವತಿ ಅಂತ. ಹುಡುಗನಿಗೆ ಚಿ.ರಾ., ಚಿರಂಜೀವಿ ರಾಜಶ್ರೀ ಅಂತ. ಇದನ್ನು ಯಾರೂ ಕೂತು ಯೋಚಿಸುವುದಿಲ್ಲ. ನನ್ನ ಎರಡನೇ ಮದುವೆಯಲ್ಲಿ ಮಾತ್ರ ಆ ಎರಡು ಅಕ್ಷರಕ್ಕೆ ಮನೆಯಲ್ಲಿ ದೊಡ್ಡ ರಂಪವೇ ಆಗಿಹೋಯಿತು.

ತೊಂಬತ್ತರ ದಶಕದ ಕೊನೆಯ ಮಾತು. ನನ್ನನ್ನು ಮೊದಲು ಕೊಟ್ಟಿದ್ದು ದಂಡಿನಶಿವರಕ್ಕೆ. ಮದುವೆಯಾಗಿ ಎರಡು ವರ್ಷ ತುಂಬುವ ಮೊದಲೇ ಗಂಡ ಮಿದುಳುಜ್ವರದಲ್ಲಿ ಹೋಗಿಬಿಟ್ಟರು. ಮಾಯಸಂದ್ರದ ಹತ್ತಿರದ ತವರಿಗೆ ವಾಪಸು ಬಂದೆ. ತುರುವೇಕೆರೆಯಲ್ಲಿ ಒಬ್ಬ ಸಾಬರ ಮನೆಯವರ ಹತ್ತಿರ ಹೊಲಿಗೆ ಕಲಿತು, ಮಾಯಸಂದ್ರದಲ್ಲಿ ಮಿಷನ್ ಇಟ್ಟುಕೊಂಡು ರವಿಕೆ ಹೊಲಿಯುತ್ತಿದ್ದೆ. ಚಿಕ್ಕನಾಯಕನಹಳ್ಳಿ ಕಡೆಯ ಹೈಸ್ಕೂಲ್ ಮೇಷ್ಟ್ರೊಬ್ಬರು ಕೇಳಿಕೊಂಡು ಬಂದರು. ಅವರಿಗೂ ಹೆಂಡತಿ ತೀರಿಕೊಂಡಿದ್ದರು. ನನಗೆ ಮನಸ್ಸು ಬಂತು, ಒಪ್ಪಿದೆ. ಅಪ್ಪ ಅವ್ವನೂ ಒಪ್ಪಿದರು.

ಪತ್ರಿಕೆಯ ಒಕ್ಕಣೆ ಬರೆಯಲು ದೊಡ್ಡಪ್ಪ ಬಂದು ಜಗಲಿಯ ಮೇಲೆ ಕೂತರು. ಅಂಗಳದಲ್ಲಿ ಅಪ್ಪ ಕಾಯಿ ಸುಲಿಯುತ್ತಿದ್ದರು. ದೊಡ್ಡಪ್ಪ ಮಾತಾಡಿದರೆ ಅಪ್ಪನಿಗೆ ಬಾಯಿ ಕಟ್ಟಿಹೋಗುತ್ತಿತ್ತು. 'ಸುಖಾಗಮನ ಬಯಸುವವರು' ಎಂಬ ಕಡೆ ದೊಡ್ಡಪ್ಪ ಬರೆದದ್ದೇ ಬರೆದದ್ದು: ಅತ್ತೆಯರು, ಮಾವಂದಿರು, ನಮ್ಮ ಮನೆಗೆ ಕಾಲಿಟ್ಟು ವರ್ಷಗಳಾದ ಷಡ್ಡಕರು, ಎಲ್ಲರೂ ಪಟ್ಟಿಗೆ ಬಂದರು. ನನ್ನ ಹೆಸರಿನ ಹತ್ತಿರ ಬಂದಾಗ ಪೆನ್ನು ನಿಂತಿತು.

"ಇಲ್ಲಿ ಬರೀ ಹೆಸರು ಸಾಕು ಬುಡು," ಅಂದರು.

"ಯಾಕೆ ದೊಡ್ಡಪ್ಪ? ಚಿ.ಸೌ. ಹಾಕಿ," ಅಂದೆ.

"ಅದು ಮೊದಲ್ನೇ ಮದ್ವೇಗೆ ಕಣವ್ವ. ಒಂದ್ಸಲ ಹಾಕಾಯ್ತಲ್ಲ."

"ಮೇಷ್ಟ್ರಿಗೂ ಒಂದ್ಸಲ ಹಾಕಾಗಿತ್ತು. ಅವ್ರಿಗೆ ಚಿ.ರಾ. ಬರ್ದಿದೀರಲ್ಲ!"

ದೊಡ್ಡಪ್ಪ ಹಾಳೆ ನೋಡಿಕೊಂಡರು. ಅವರು ಬರೆದೇ ಬಿಟ್ಟಿದ್ದರು, ಕೈ ತಾನಾಗೇ ಬರೆದಿತ್ತು. "ಗಂಡಸ್ರದ್ದು ಬೇರೆ," ಅಂದರು. ಆಮೇಲೆ ಅವರಿಗೇ ಅದು ಸಾಲದು ಅನ್ನಿಸಿರಬೇಕು. "ಹೋಗ್ಲಿ, ಶ್ರೀಮತಿ ಅಂತ ಹಾಕ್ಸಾನ," ಅಂದರು.

"ಶ್ರೀಮತಿ ಅಂತ ಹಾಕಿ ಮದ್ವೇಗೆ ಕರುದ್ರೆ, ಯಾರ ಶ್ರೀಮತಿ ಅಂತ ಕೇಳಲ್ವಾ ಜನ?"

ಅಂಗಳದಲ್ಲಿ ಅಪ್ಪ ಫಕ್ಕನೆ ನಕ್ಕು, ದೊಡ್ಡಪ್ಪನ ಮುಖ ನೋಡಿ ಕೆಮ್ಮಿದರು. ಅವ್ವ ಒಳಗಿಂದಲೇ, "ಸುಮ್ಕಿರೇ, ಮದ್ವೆ ಆಯ್ತೈತಲ್ಲ, ಅಷ್ಟು ಸಾಲ್ದಾ? ಕಾಗದದ ಮ್ಯಾಗೆ ಏನಿದ್ರೇನು?" ಎಂದಳು.

ನನಗೆ ಮೈ ಉರಿದುಹೋಯಿತು. ಏನಿದ್ರೇನು ಅನ್ನುವುದಾದರೆ ಹಾಕಲು ಇವರಿಗೇನು ಕಷ್ಟ? ಆ ಅಕ್ಷರ ಬಿಟ್ಟು ಪತ್ರಿಕೆ ಹಂಚಿದರೆ, ಇವಳು ಏನೋ ತಪ್ಪು ಮಾಡುತ್ತಿದ್ದಾಳೆ, ನಾವು ಕಣ್ಣು ಮುಚ್ಚಿಕೊಂಡಿದ್ದೇವೆ ಎಂದು ನಮ್ಮ ಮನೆಯವರೇ ಊರಿಗೆ ಸಾರಿದ ಹಾಗೆ. ನಾನು ಕದ್ದು ಬಸುರಾದವಳಲ್ಲ, ಓಡಿಹೋಗುವವಳೂ ಅಲ್ಲ. ಹತ್ತು ಜನರನ್ನು ಕರೆದು ಮದುವೆಯಾಗುವವಳು. ಹಟ ಹಿಡಿದೆ. ಚಿ.ಸೌ. ಇಲ್ಲದಿದ್ದರೆ ಪತ್ರಿಕೆಯೇ ಬೇಡ, ಪತ್ರಿಕೆ ಇಲ್ಲದಿದ್ದರೆ ಮದುವೆಯೂ ಬೇಡ ಅಂದೆ. ಕೊನೆಗೆ ದೊಡ್ಡಪ್ಪ, "ಆಯ್ತು ತಾಯಿ, ನಿನ್ ಇಷ್ಟ," ಎಂದು ಬರೆದುಕೊಂಡು, ತುರುವೇಕೆರೆಯ ಪ್ರೆಸ್ಸಿಗೆ ಕೊಟ್ಟುಬರಲು ಹೋದರು.

ವಾರ ಕಳೆದು ಕಟ್ಟು ಬಂತು. ಬಿಚ್ಚಿ ನೋಡಿದೆ. ಮೇಷ್ಟ್ರ ಹೆಸರಿನ ಹಿಂದೆ ಚಿ.ರಾ. ಠೀವಿಯಿಂದ ಕೂತಿತ್ತು. ನನ್ನ ಹೆಸರಿನ ಹಿಂದೆ ಏನೂ ಇರಲಿಲ್ಲ. ಏನೂ ಇಲ್ಲ ಅಂದರೆ, ಜಾಗ ಮಾತ್ರ ಇತ್ತು. ಆಗಿನ್ನೂ ಸೀಸದ ಮೊಳೆ ಜೋಡಿಸಿ ಅಚ್ಚು ಹಾಕುವ ಕಾಲ. ಪ್ರೆಸ್ಸಿನವನು ಮೊದಲು ಚಿ.ಸೌ. ಜೋಡಿಸಿದ್ದಾನೆ, ಆಮೇಲೆ ದೊಡ್ಡಪ್ಪ ಮತ್ತೆ ಹೋಗಿ ತೆಗೆಸಿದ್ದಾರೆ, ಅವನು ಅಕ್ಷರ ಕಿತ್ತು ಆ ಜಾಗಕ್ಕೆ ಖಾಲಿ ಮೊಳೆ ತುಂಬಿ ಹಾಗೇ ಒತ್ತಿಬಿಟ್ಟಿದ್ದಾನೆ. ನನ್ನ ಹೆಸರು ಬಲಕ್ಕೆ ಸರಿದು ನಿಂತಿತ್ತು, ಎಡಗಡೆ ಬೋಳು ಹಣೆಯ ಹಾಗೆ ಬಿಳೀ ಜಾಗ.

ದೊಡ್ಡಪ್ಪನನ್ನು ಕೇಳಿದರೆ, "ಪ್ರೆಸ್ಸಿನೋನು ಮರ್ತವ್ನೆ ಕಣವ್ವ," ಅಂದರು, ಮಾಡಿನ ಕಡೆ ನೋಡುತ್ತಾ.

"ಮರ್ತೋನು ಜಾಗ ಬಿಡ್ತಾನಾ?" ಅಂದೆ.

ನಾನು ಅಳಲಿಲ್ಲ, ಕೂಗಾಡಲೂ ಇಲ್ಲ. ಮಾಯಸಂದ್ರಕ್ಕೆ ನಡೆದು ಕೆಂಪು ಇಂಕಿನ ಪೆನ್ನು ತಂದೆ. ನಡುಮನೆಯಲ್ಲಿ ಚಾಪೆ ಹಾಸಿ ಕೂತು ಒಂದೊಂದೇ ಪತ್ರಿಕೆ ತೆಗೆದು ಆ ಜಾಗದಲ್ಲಿ ಚಿ.ಸೌ. ಎಂದು ಬರೆಯತೊಡಗಿದೆ. ಅಳತೆ ತೆಗೆದು ಬಿಟ್ಟ ಹಾಗೆ ಸರಿಯಾಗಿ ಹಿಡಿಸುತ್ತಿತ್ತು. ಅವ್ವ ಬಾಗಿಲಲ್ಲಿ ನಿಂತು ನೋಡಿದಳು. "ನಿನ್ ಹಟಕ್ಕಿಷ್ಟು ಬೆಂಕಿ ಹಾಕ," ಎಂದು ಬೈದು ಒಳಗೆ ಹೋದಳು. ತಿರುಗಿ ಬಂದಾಗ ಕೈಯಲ್ಲಿ ಅರಿಶಿನ ಕಲಸಿದ ಬಟ್ಟಲಿತ್ತು. ನಾನು ಬರೆದು ಪಕ್ಕಕ್ಕಿಟ್ಟ ಪತ್ರಿಕೆಗಳ ನಾಲ್ಕು ಮೂಲೆಗೂ ಅರಿಶಿನ ಹಚ್ಚುತ್ತಾ ಕೂತಳು. ಬೈಯುವುದನ್ನು ಮಾತ್ರ ನಿಲ್ಲಿಸಲಿಲ್ಲ.

ಮೊದಲ ಪತ್ರಿಕೆ ದೇವರ ಮುಂದೆ ಇಟ್ಟೆವು. ಎರಡನೆಯದು ದಂಡಿನಶಿವರದ ಅತ್ತೆಗೆ ಅಂದೆ. ಅವ್ವ ಹೌಹಾರಿದಳು. "ಮಗನ್ನ ಕಳ್ಕಂಡಿರೋ ತಾಯಿ ಕಣೇ ಅವ್ಳು! ಅವ್ಳ ಹೊಟ್ಟೆ ಯಾಕೆ ಉರುಸ್ತೀಯ?"

"ಊರವ್ರ ಬಾಯಿಂದ ಗೊತ್ತಾದ್ರೆ ಇನ್ನೂ ಉರಿಯಲ್ವಾ?" ಅಂದೆ. ಆ ಅತ್ತೆ ನನ್ನನ್ನು ಎಂದೂ ಹೀನಾಯವಾಗಿ ಕಂಡವರಲ್ಲ. ಅವರಿಗೆ ಮರೆಮಾಚಿ ಮದುವೆಯಾದರೆ ಆ ಕೆಂಪು ಇಂಕಿಗೆ ಅರ್ಥವೇ ಇರಲಿಲ್ಲ. ಅವ್ವ ಗೊಣಗುತ್ತಲೇ ನನ್ನ ಜೊತೆ ಬಸ್ಸು ಹತ್ತಿದಳು.

ಅತ್ತೆ ಹಟ್ಟಿಯ ಮುಂದೆ ಹಸುವಿಗೆ ಹುಲ್ಲು ಹಾಕುತ್ತಿದ್ದರು. "ಬಾರವ್ವ," ಎಂದು ಒಳಗೆ ಕರೆದು ನೀರು ಬೆಲ್ಲ ಕೊಟ್ಟರು. ಮಾವ ತೋಟಕ್ಕೆ ಹೋಗಿದ್ದರು. ಅದೇ ನಡುಮನೆ. ನನ್ನ ಹಣೆಯ ಕುಂಕುಮ ಅಳಿಸಿದ್ದು ಅಲ್ಲೇ. ಎರಡೂ ಕೈಯಿಂದ ಪತ್ರಿಕೆ ಕೊಟ್ಟೆ. ಅವರು ಹತ್ತಿರ ಹಿಡಿದರು, ದೂರ ಹಿಡಿದರು.

"ಕಣ್ಣು ಮಂಜು ಕಣೇ. ಇಲ್ಲೇನೋ ಕೆಂಪಗೈತಲ್ಲ. ನೀನೇ ಓದು."

ಅಲ್ಲಿ ನನ್ನ ಪೊಗರೆಲ್ಲ ಇಳಿದುಹೋಯಿತು. ಬರೆಯುವುದು ಸುಲಭವಾಗಿತ್ತು. ಸತ್ತವರ ತಾಯಿಯ ಮುಂದೆ ಅದನ್ನು ಬಾಯಿಬಿಟ್ಟು ಹೇಳಬೇಕಿತ್ತು. ಅವ್ವ ನನ್ನ ಸೆರಗು ಜಗ್ಗಿದಳು, ಬಿಟ್ಟು ಓದು ಅಂತ. ಬಿಡಲಿಲ್ಲ. "ಚಿರಂಜೀವಿ ಸೌಭಾಗ್ಯವತಿ," ಎಂದು ಓದಿ ನನ್ನ ಹೆಸರು ಓದಿದೆ. ಪೂರ್ತಿ ಓದಿದೆ.

ಅತ್ತೆ ಎದ್ದು ಒಳಗೆ ಹೋದರು. ಬಹಳ ಹೊತ್ತು ಬರಲಿಲ್ಲ. ಅವ್ವ, "ನಾನು ಹೇಳ್ಲಿಲ್ವಾ? ಏಳು, ಹೋಗಾನ," ಎಂದು ಪಿಸುಗುಟ್ಟಿದಳು. ನಾನೂ ಏಳುವುದರಲ್ಲಿದ್ದೆ.

ಅಷ್ಟರಲ್ಲಿ ಅತ್ತೆ ಬಂದರು. ಸೆರಗಿನಿಂದ ಮುಖ ಒರೆಸಿಕೊಂಡಿದ್ದು ಕಾಣುತ್ತಿತ್ತು. ಕೈಯಲ್ಲಿ ಕುಂಕುಮದ ಭರಣಿ.

"ಸೌಭಾಗ್ಯವತಿ ಅಂತ ಓದ್ತೀಯ, ಬರೀ ಹಣೇಲಿ ಬಂದಿದೀಯಲ್ಲೇ," ಅಂದರು. ನನ್ನ ಗಲ್ಲ ಹಿಡಿದು ಮುಖ ಎತ್ತಿದರು. "ಅವತ್ತು ಅಳ್ಸಿದ್ದೂ ಈ ಕೈಯೇ ಕಣೇ. ಜನ ಹೇಳುದ್ರು, ಅಳುಸ್ದೆ. ಇವತ್ತು ಯಾರೂ ಹೇಳ್ಬೇಕಾಗಿಲ್ಲ."

ಹಣೆಯ ಮೇಲೆ ಅವರ ಬೆರಳು ಒತ್ತಿದಾಗ, ದೊಡ್ಡಪ್ಪನ ಮುಂದೆ, ಅವ್ವನ ಮುಂದೆ, ಆ ಖಾಲಿ ಜಾಗದ ಮುಂದೆ ಅಳದೆ ಗಟ್ಟಿಯಾಗಿ ನಿಂತಿದ್ದ ನಾನು ಗೊಳೋ ಎಂದು ಅತ್ತುಬಿಟ್ಟೆ.

"ಅಳ್ಬ್ಯಾಡ ಸುಮ್ಕಿರು," ಎಂದರು ಅತ್ತೆ, ತಮ್ಮ ಕಣ್ಣನ್ನೂ ಒರೆಸಿಕೊಳ್ಳದೆ. "ಕುಂಕುಮ ಇಳ್ದೋಯ್ತದೆ."