ತಿಮಿಂಗಿಲಕ್ಕೆ ಕಾಣುವ ಹೊಲಿಗೆ

ಮೂರು ಎಳೆಗಳಲ್ಲಿ ಒಂದನ್ನು ಹಲ್ಲಿನಲ್ಲಿ ಕಚ್ಚಿ, ಉಳಿದೆರಡನ್ನು ಬೆರಳುಗಳ ನಡುವೆ ಹೆಣೆಯುತ್ತ ಅಲುನಿಕ್ ಕಣ್ಣು ಮುಚ್ಚಿಕೊಂಡಿದ್ದಾರೆ. ದೀಪ ಹಚ್ಚಿಲ್ಲ. ಹಿಮಸಾರಂಗದ ಬೆನ್ನಿನ ನರವನ್ನು ಒಣಗಿಸಿ, ಕೂದಲಿನಷ್ಟು ತೆಳ್ಳಗೆ ಸೀಳಿ, ಎಂಜಲಲ್ಲಿ ನೆನೆಸಿ ಹೆಣೆಯುವ ಈ ದಾರ ಕಣ್ಣಿಗಿಂತ ಚರ್ಮಕ್ಕೇ ಚೆನ್ನಾಗಿ ತಿಳಿಯುತ್ತದೆ. ಗೇಣುದ್ದ ಹೆಣೆದಾಗಲೊಮ್ಮೆ ಅದನ್ನು ಕೆನ್ನೆಗೆ ಉಜ್ಜಿ ನೋಡುತ್ತಾರೆ. ಹಿಂದೆಲ್ಲ ಬೆರಳ ತುದಿಯಿಂದಲೇ ನೋಡುತ್ತಿದ್ದರು. ಕೆನ್ನೆಗೆ ಉಜ್ಜುವುದು ಈ ಚಳಿಗಾಲ ಶುರುವಾದ ಅಭ್ಯಾಸ. ಯಾಕೆ ಎಂದು ಮನೆಯಲ್ಲಿ ಯಾರೂ ಕೇಳಿಲ್ಲ.

ಹೊರಗೆ ಬೆಳಗಿನ ಜಾವದ ಮಂಜು. ದಡದಿಂದಾಚೆ ಹೆಪ್ಪುಗಟ್ಟಿದ ಸಮುದ್ರ ಆಗಾಗ ನಿದ್ದೆಯಲ್ಲಿ ನರಳುವವರಂತೆ ಸದ್ದು ಮಾಡುತ್ತದೆ. ಊರ ಸ್ಮಶಾನಕ್ಕೆ ಬೇಲಿಯಾಗಿ ನೆಟ್ಟಿರುವ ತಿಮಿಂಗಿಲದ ದವಡೆ ಮೂಳೆಗಳ ನಡುವೆ ಗಾಳಿ ನುಗ್ಗಿದಾಗ ಯಾರೋ ಬಾಟಲಿಯ ಬಾಯಿಗೆ ತುಟಿಯಿಟ್ಟು ಊದಿದಂತಾಗುತ್ತದೆ. ಉತ್ತರ ಧ್ರುವದ ಹತ್ತಿರದ ಈ ಟಿಕಿಗಾಕ್ ಊರಿನಲ್ಲಿ ಹುಟ್ಟಿದವರಿಗೆ ಈ ಸದ್ದು ಕೇಳಿಸುವುದೇ ಇಲ್ಲ. ನಿಂತಾಗ ಮಾತ್ರ ತಿಳಿಯುತ್ತದೆ. ಇವತ್ತು ಅದು ನಿಂತಿದೆ. ಅಲುನಿಕ್ ಕಣ್ಣು ತೆರೆಯುತ್ತಾರೆ.

ಇವತ್ತು ಅವರ ಮಗ ತಿಗ್ಲುಕ್‌ನ ದೋಣಿಗೆ ತೊಗಲು ಹೊಲಿಯುವ ದಿನ.

ತಿಮಿಂಗಿಲ ಸಿಕ್ಕಾಗ ಪತ್ರಿಕೆಗಳಲ್ಲಿ ಬರುವ ಫೋಟೊದಲ್ಲಿ ಈಟಿ ಹಿಡಿದವನಿರುತ್ತಾನೆ, ದೋಣಿಯ ಯಜಮಾನನಿರುತ್ತಾನೆ, ಹಗ್ಗ ಎಳೆಯುವ ಇಡೀ ಊರಿರುತ್ತದೆ. ದೋಣಿ ಒಂದು ಮೂಲೆಯಲ್ಲಿ ಬೋರಲಾಗಿ ಬಿದ್ದಿರುತ್ತದೆ. ಅದು ಮರದ ದೋಣಿಯಲ್ಲ. ಮರದ್ದು ಅದರ ಎಲುಬುಗೂಡು ಮಾತ್ರ. ಮೈ ಎಂಬುದು ಗಡ್ಡದ ಸೀಲ್ ಎಂಬ ಕಡಲಪ್ರಾಣಿಗಳ ತೊಗಲು. ಆರು ತೊಗಲುಗಳನ್ನು ಆರು ಹೆಂಗಸರು ನೆಲದಲ್ಲಿ ಸುತ್ತ ಕೂತು ಒಂದೇ ದಿನದಲ್ಲಿ ಒಂದು ಮಾಡುತ್ತಾರೆ. ತೊಗಲು ಒದ್ದೆಯಿರುವಾಗಲೇ ಮುಗಿಯಬೇಕು, ಹಾಗಾಗಿ ಒಲೆ ಹಚ್ಚುವುದಿಲ್ಲ. ಹದಿನಾಲ್ಕು ಗಂಟೆಯ ಕೆಲಸ. ಪ್ರತಿ ಅಂಚಿಗೂ ಎರಡು ಸಾಲು ಹೊಲಿಗೆ, ಒಳಗೊಂದು ಹೊರಗೊಂದು. ಅರವತ್ಮೂರು ವರ್ಷದ ಅಲುನಿಕ್ ಇಪ್ಪತ್ತೆರಡು ವಸಂತಗಳಿಂದ ದೋಣಿಯ ಮೂತಿಯ ಭಾಗಕ್ಕೆ ಕೂರುತ್ತಿದ್ದಾರೆ. ಮಂಜುಗಡ್ಡೆ ಮೊದಲು ಬಡಿಯುವುದು ಅಲ್ಲಿಗೆ. ಆ ಜಾಗ ಕೈ ನೋಡಿ ಕೊಡುವಂಥದ್ದು, ವಯಸ್ಸು ನೋಡಿ ಅಲ್ಲ.

"ಗಂಡಸರು ಬಣ್ಣ ಬಳಿದ ಹುಟ್ಟು ತಗೊಂಡು, ಹೊಸ ಬಿಳಿ ಅಂಗಿ ಹಾಕ್ಕೊಂಡು ಹೋಗ್ತಾರೆ. ಹೋಗ್ಲಿ ಪಾಪ," ಎನ್ನುತ್ತಾರೆ ಅವರು. "ತಿಮಿಂಗಿಲ ದೋಣೀನ ನೋಡೋದು ಕೆಳಗಿಂದ. ಅದಕ್ಕೆ ಅವರ ಮುಖಾನೂ ಕಾಣಲ್ಲ, ಅಂಗೀನೂ ಕಾಣಲ್ಲ. ನಮ್ಮ ಹೊಲಿಗೆ ಕಾಣುತ್ತೆ. ಚೆನ್ನಾಗಿದ್ರೆ ಮೇಲೆ ಬರುತ್ತೆ. ಇಲ್ಲ ಅಂದ್ರೆ ಹಂಗೇ ಮುಂದಕ್ಕೆ ಹೋಗುತ್ತೆ."

ಹೊಲಿಯುವ ಮನೆಯೊಳಗೆ ತಿಂಗಳುಗಟ್ಟಲೆ ಮೂಟೆಯಲ್ಲಿ ಕೊಳೆಸಿ ಕೂದಲು ಉದುರಿಸಿದ ತೊಗಲುಗಳ ವಾಸನೆ. ಹಳದಿಗಟ್ಟಿ, ಒದ್ದೆಯಾಗಿ, ಒಂದರ ಮೇಲೊಂದು ಮಲಗಿರುವ ಅವು ಬಲ್ಬಿನ ಬೆಳಕಿನಲ್ಲಿ ಉಸಿರಾಡುತ್ತಿರುವಂತೆ ಕಾಣುತ್ತವೆ. ಹೆಂಗಸರು ಒಬ್ಬೊಬ್ಬರಾಗಿ ಬಂದು ತಂತಮ್ಮ ಜಾಗದಲ್ಲಿ ಕೂರುತ್ತಾರೆ. ಸಿಟ್ಟು ಇಟ್ಟುಕೊಂಡು ಬಂದವರು ಬಾಗಿಲಲ್ಲೇ ಹೇಳಿ ವಾಪಸು ಹೋಗಬೇಕು. ಜಂಬದ ಮಾತು ಆಡಕೂಡದು. ಮಂಜುಗಡ್ಡೆಯಡಿಯಲ್ಲಿ ಬರುತ್ತಿರುವವರು, ತಿಮಿಂಗಿಲಗಳು, ಕೇಳಿಸಿಕೊಳ್ಳುತ್ತಾರೆ.

"ಜಾಗ ಬಿಡು ಮಗಳೇ, ಕಾಲು ಚಾಚ್ಕೊಂಡು ಕೂತಿದ್ದೀಯಲ್ಲ," ಎಂದು ಅಲುನಿಕ್‌ರ ಪಕ್ಕದಲ್ಲಿ ಕೂರುವವಳು ಇಪ್ಪತ್ತೆಂಟರ ನಿಗುವಾನ, ತಿಗ್ಲುಕ್‌ನ ಹೆಂಡತಿ. ಅತ್ತೆಯನ್ನು ಅವಳು ಕರೆಯುವುದು ಮಗಳೇ ಎಂದು. ಅಲುನಿಕ್ ಸೊಸೆಯನ್ನು ಕರೆಯುವುದು ಅವ್ವ ಎಂದು. ಸತ್ತವರ ಹೆಸರನ್ನು ಹುಟ್ಟಿದವರಿಗೆ ಇಟ್ಟ ಮೇಲೆ ಹೆಸರಿನ ಜೊತೆ ಸತ್ತವರೂ ಬರುತ್ತಾರೆ, ಅವರಿಗೆ ಸಲ್ಲುವ ಮರ್ಯಾದೆಯೂ ಬರುತ್ತದೆ. ನಿಗುವಾನ ಎಂಬುದು ಅಲುನಿಕ್‌ರ ತಾಯಿಯ ಹೆಸರು.

"ಇವರಿಬ್ಬರದು ಅತ್ತೆ ಸೊಸೆ ಜಗಳ ನೋಡೋಣ ಅಂತ ಆರು ವರ್ಷದಿಂದ ಕಾಯ್ತಿದ್ದೀನಿ," ಎನ್ನುತ್ತಾರೆ ಎದುರಿಗೆ ಕೂತ ಪುಯುಕ್. ಅಲುನಿಕ್‌ರ ಓರಗೆಯವರು, ಬಾಯಿ ಸೂಜಿಗಿಂತ ಚುರುಕು. "ಬೈಯೋಕೆ ಬಾಯಿ ತೆಗೆದ್ರೆ ಅವ್ವಾ ಅನ್ಬೇಕು. ಇನ್ನೆಲ್ಲಿ ಜಗಳ? ಆ ತಿಗ್ಲುಕ್ ಬೇರೆ, ಊರಲ್ಲಿ ಇಷ್ಟು ಹೆಣ್ಣಿದ್ರೂ ಹುಡುಕಿ ಹುಡುಕಿ ಅಜ್ಜೀನೇ ಮದುವೆ ಆದ."

"ಅಜ್ಜಿ ಕೈಯಡುಗೆ ಚೆನ್ನಾಗಿತ್ತಂತೆ," ಎನ್ನುತ್ತಾಳೆ ನಿಗುವಾನ, ತಲೆಯೆತ್ತದೆ. ಎಲ್ಲರೂ ನಗುತ್ತಾರೆ. ಅಲುನಿಕ್ ಸಹ.

ಆದರೆ ಅವರಿಗೆ ಒಂದು ಬೆಳಗು ನೆನಪಿದೆ. ತಾಯಿ ಸತ್ತ ಚಳಿಗಾಲದಲ್ಲಿ ಪಕ್ಕದ ಮನೆಯಲ್ಲಿ ಹುಟ್ಟಿದ ಮಗು ಒಂಬತ್ತು ದಿನ ಅತ್ತಿತ್ತು. ಯಾವ ಹೆಸರಿಟ್ಟರೂ ಅಳು ನಿಲ್ಲಲಿಲ್ಲ. ಮುದುಕಿಯೊಬ್ಬಳು ಕಿವಿಯಲ್ಲಿ ನಿಗುವಾನ ಎಂದಾಗ ಸುಮ್ಮನಾಯಿತು. ಮುಂದೆ ಮಗುವಿಗೆ ನಾಲ್ಕು ವರ್ಷವಾದಾಗ ಒಂದು ಬೆಳಗ್ಗೆ ತಾನಾಗಿಯೇ ಅಲುನಿಕ್‌ರ ಮನೆಗೆ ನಡೆದು ಬಂದು, ಕಿಟಕಿಯ ಕೆಳಗೆ ತಾಯಿ ಕೂರುತ್ತಿದ್ದ ಜಾಗದಲ್ಲೇ ಕೂತು ಕೇಳಿತು: "ನನ್ನ ಸೂಜಿ ಎಲ್ಲಿಟ್ಟೆ ಮಗಳೇ?"

ಅಲುನಿಕ್ ಆಗ ಸೂಜಿ ಕೊಟ್ಟಿರಲಿಲ್ಲ. ಒಂದು ತುಂಡು ಒಣಮೀನು ಕೊಟ್ಟು ಮನೆಗೆ ಕಳಿಸಿದ್ದರು.

ಸೂಜಿ ತೊಗಲಿನ ಅರ್ಧ ದಪ್ಪಕ್ಕೆ ಹೋಗಿ ಅಲ್ಲೇ ತಿರುಗಬೇಕು. ಆಚೆ ಬದಿಗೆ ಬರಕೂಡದು. ಈ ಕೆಲಸದ ಗುಟ್ಟೆಲ್ಲ ಇಷ್ಟೇ. ತೊಗಲಿನ ಅಡಿಯಲ್ಲಿಟ್ಟ ಎಡಗೈ ತೋರುಬೆರಳಿಗೆ ಸೂಜಿಯ ಮೊನೆ ಬರುತ್ತಿರುವುದು ಮೊದಲೇ ತಿಳಿಯುತ್ತದೆ. ಕತ್ತಲಲ್ಲಿ ಯಾರೋ ಹತ್ತಿರ ಬಂದದ್ದು ತಿಳಿಯುವ ಹಾಗೆ. ತಿಳಿದ ಗಳಿಗೆಯಲ್ಲೇ ಸೂಜಿ ತಿರುಗಬೇಕು. ಒಂದು ಕೂದಲೆಳೆ ತಪ್ಪಿದರೆ ತೂತು. ತೊಗಲನ್ನು ದೀಪಕ್ಕೆ ಹಿಡಿದಾಗ ಬೆಳಕು ಕಂಡರೆ ಸಮುದ್ರದಲ್ಲಿ ನೀರು ಕಾಣುತ್ತದೆ ಎಂಬುದು ಇಲ್ಲಿನ ಮಾತು. ದೋಣಿಯಲ್ಲಿ ಆರು ಜನ. ಆ ನೀರಿಗೆ ಬಿದ್ದವರಿಗೆ ಕೂಗಲು ಸಹ ಹೊತ್ತಿರುವುದಿಲ್ಲ.

ಅಲುನಿಕ್‌ರ ಎಡಗೈ ತೋರುಬೆರಳು ಹೋದ ಶರತ್ಕಾಲದಿಂದ ಜೋಮು ಹಿಡಿದಂತಿದೆ. ಮೊದಲು ಚಳಿಗೆ ಎಂದುಕೊಂಡರು. ಬಿಸಿನೀರಿನಲ್ಲಿಟ್ಟರು, ಸೀಲ್ ಕೊಬ್ಬು ಹಚ್ಚಿದರು. ಒಂದು ದಿನ ಒಲೆಯ ಮೇಲಿನ ಕೆಟಲ್ ಮುಟ್ಟಿದಾಗ ಸುಟ್ಟ ವಾಸನೆ ಬಂದ ಮೇಲಷ್ಟೇ ಬೆರಳು ಸುಟ್ಟಿದ್ದು ಗೊತ್ತಾಯಿತು. ಯಾರಿಗೂ ಹೇಳಲಿಲ್ಲ. ಹೇಳಿದರೆ ಮೂತಿಯ ಜಾಗ ಹೋಗುತ್ತದೆ. ಗಂಡ ಹೋದ ಮೇಲೆ, ಅರ್ಧ ಹಲ್ಲು ಹೋದ ಮೇಲೆ, ಊರಲ್ಲಿ ಅವರದೆಂದು ಉಳಿದಿದ್ದು ಅದೊಂದೇ.

ಕೈ ಆಡುತ್ತದೆ, ಬಾಯಿ ಹಳೆಯದನ್ನು ನೆನೆಯುತ್ತದೆ. ಪುಯುಕ್ ತಿಗ್ಲುಕ್‌ನ ಮೊದಲ ತಿಮಿಂಗಿಲದ ಮಾತೆತ್ತುತ್ತಾರೆ. ಅದರ ಕೊಬ್ಬಿನೊಳಗೆ ಹೆಬ್ಬೆರಳಿನಷ್ಟು ಉದ್ದದ ಕಲ್ಲಿನ ಅಲಗು ಸಿಕ್ಕಿತ್ತು. ಗಾಯ ಮಾಗಿ, ಅಲಗನ್ನು ಒಳಗೇ ಮುಚ್ಚಿಕೊಂಡಿತ್ತು. ಕಲ್ಲಿನ ಅಲಗು ಬಳಸುವುದನ್ನು ಬಿಟ್ಟು ಈ ಊರಿಗೆ ನೂರೈವತ್ತು ವರ್ಷವಾಗಿರಬಹುದು.

"ದೂರದ ಹಡಗುಗಳು ಬಂದಿದ್ದನ್ನೂ ಅದು ನೋಡಿದೆ ಅಂತಾಯ್ತು," ಎನ್ನುತ್ತಾರೆ ಅಲುನಿಕ್. ಆ ಹಡಗಿನವರು ತಮ್ಮ ಊರುಗಳ ದೀಪಕ್ಕೆ ಎಣ್ಣೆ ಬೇಕೆಂದು ಬಂದರು. ಆಮೇಲೆ ತಿಮಿಂಗಿಲದ ಬಾಯೊಳಗಿನ ಉದ್ದನೆಯ ಗರಿಪಟ್ಟಿಗಳಿಗಾಗಿ ಬಂದರು. ಅಲ್ಲಿಯ ಹೆಂಗಸರು ಸೊಂಟ ಸಣ್ಣದಾಗಿ ಕಾಣಲು ಅವನ್ನು ರವಿಕೆಯೊಳಗೆ ಸೇರಿಸಿ ಬಿಗಿದುಕೊಳ್ಳುತ್ತಿದ್ದರಂತೆ. ಮಾಂಸವನ್ನೆಲ್ಲ ನೀರಿಗೆ ಬಿಟ್ಟು ಹೋದರು. ತಿಮಿಂಗಿಲ ಬರುವುದು ನಿಂತಿತು. ಅಲುನಿಕ್‌ರ ಮುತ್ತಜ್ಜಿ ಒಂದು ಚಳಿಗಾಲದಲ್ಲಿ ಹಳೆಯ ದೋಣಿಯ ತೊಗಲನ್ನೇ ಬೇಯಿಸಿ ಮಕ್ಕಳಿಗೆ ತಿನ್ನಿಸಿದರು. ತಾನು ಹೊಲಿದದ್ದನ್ನೇ ಬಿಚ್ಚಿ ಬಿಚ್ಚಿ ಪಾತ್ರೆಗೆ ಹಾಕಿದರು.

"ನನಗೆ ಅರ್ಥ ಆಗದೇ ಇರೋದು ಒಂದೇ," ಎನ್ನುತ್ತಾಳೆ ನಿಗುವಾನ. "ಅಷ್ಟು ಬಿಗಿದುಕೊಂಡ್ರೆ ಆ ಹೆಂಗಸರು ಊಟ ಹೆಂಗೆ ಮಾಡ್ತಿದ್ರು?"

"ನಮ್ಮ ಹೊಟ್ಟೆಗೆ ಬರಬೇಕಾದ್ದನ್ನ ಅವರು ಹೊಟ್ಟೆಗೆ ಕಟ್ಕೊಂಡ್ರು. ಇಬ್ಬರೂ ಉಣ್ಣಲಿಲ್ಲ," ಎನ್ನುತ್ತಾರೆ ಪುಯುಕ್.

ಆಮೇಲೆ ಬೇರೆಯವರು ಬಂದರು. ತಿಮಿಂಗಿಲ ಇನ್ನೆಷ್ಟೋ ಸಾವಿರವಷ್ಟೇ ಉಳಿದಿದೆ, ಬೇಟೆ ನಿಲ್ಲಿಸಿ ಎಂದರು. ಅವರು ಎಣಿಸಿದ್ದು ತೆರೆದ ನೀರಿನಲ್ಲಿ ಕಂಡವನ್ನು. ಮಂಜಿನಡಿ ಹೋಗುವವನ್ನು ಎಣಿಸಿರಲಿಲ್ಲ. ಈಗ ಮಂಜಿನಡಿಗೆ ಯಂತ್ರ ಇಳಿಬಿಟ್ಟು ಅವುಗಳ ಸದ್ದು ಕೇಳುತ್ತಾರೆ, ಊರಿಗಿಷ್ಟು ಹಿಡಿಯಬಹುದು ಎಂದು ಲೆಕ್ಕ ಕೊಡುತ್ತಾರೆ. "ಯಂತ್ರ ಯಾಕೆ? ನಮ್ಮವ್ವ ನೀರಿಗಿಟ್ಟ ಹುಟ್ಟಿನ ಹಿಡಿಗೆ ಕಿವಿಯಿಟ್ಟು ಹೇಳ್ತಿದ್ಲು," ಎಂದು ಅಲುನಿಕ್ ನಿಲ್ಲಿಸುತ್ತಾರೆ. ಅವ್ವನ ಮಾತು ಬಂದಾಗಲೆಲ್ಲ ಅವರು ಹೀಗೆ ನಡುವೆ ನಿಲ್ಲಿಸುವುದುಂಟು.

ಮಧ್ಯಾಹ್ನದ ಹೊತ್ತಿಗೆ ನಿಗುವಾನ ತನ್ನ ಅಂಚನ್ನು ಮೂತಿಗೆ ಸೇರಿಸಲು ತೊಗಲನ್ನು ಎತ್ತುತ್ತಾಳೆ. ಬಲ್ಬು ಅದರ ಹಿಂದೆ ಬರುತ್ತದೆ. ತೊಗಲೆಲ್ಲ ಜೇನಿನ ಬಣ್ಣಕ್ಕೆ ತಿರುಗುತ್ತದೆ. ಆಗ ಅವಳ ಕೆನ್ನೆಯ ಮೇಲೆ ಸಾಸಿವೆ ಕಾಳಿನಷ್ಟು ಬೆಳಕು ಬಂದು ಕೂರುತ್ತದೆ.

ಅವಳು ಅದನ್ನು ನೋಡುತ್ತಾಳೆ. ಬೆಳಕು ಎಲ್ಲಿಂದ ಬಂತೆಂದು ಹೊಲಿಗೆಯ ಉದ್ದಕ್ಕೂ ಕಣ್ಣಾಡಿಸಿ ಮೂತಿಯ ಅಂಚಿನಲ್ಲಿ ನಿಲ್ಲಿಸುತ್ತಾಳೆ. ಒಂದು ಉಸಿರಿನಷ್ಟು ಹೊತ್ತು. ಆಮೇಲೆ ತೊಗಲನ್ನು ಮೆಲ್ಲಗೆ ಕೆಳಗಿಟ್ಟು, ತನ್ನ ಸೂಜಿಗೆ ದಾರ ಪೋಣಿಸುತ್ತಾಳೆ. ಹಿರಿಯರ ಹೊಲಿಗೆಗೆ ಕಿರಿಯರು ಬೆರಳು ತೋರುವುದಿಲ್ಲ.

ಅಲುನಿಕ್‌ರ ಕೈ ಅಲ್ಲೇ ನಿಲ್ಲುತ್ತದೆ. ಆ ಕಾಳಿನಷ್ಟು ಬೆಳಕನ್ನು ಅವರು ಹಿಂದೊಮ್ಮೆ ಕಂಡಿದ್ದಾರೆ. ಇಪ್ಪತ್ತೊಂಬತ್ತು ವರ್ಷದ ಹಿಂದೆ, ಇದೇ ಮನೆಯಲ್ಲಿ, ತಮ್ಮದೇ ಮಣಿಕಟ್ಟಿನ ಮೇಲೆ. ಆಗ ಮೂತಿಗೆ ಕೂತಿದ್ದವರು ತಾಯಿ, ಪಕ್ಕದಲ್ಲಿ ಅಲುನಿಕ್. ತಾಯಿಯ ಕಣ್ಣು ಮಸುಕಾಗಿದ್ದು ಮಗಳಿಗೆ ಗೊತ್ತಿತ್ತು. ಮಗಳಿಗೆ ಗೊತ್ತಿರುವುದು ತಾಯಿಗೂ ಗೊತ್ತಿತ್ತು. ಇಬ್ಬರೂ ಮಾತಾಡಲಿಲ್ಲ. ಬೇಟೆಗೆ ಹೋದ ಐದನೆಯ ದಿನ ಆ ದೋಣಿ ಮಂಜಿನ ನಡುವೆ ನೀರು ಕುಡಿಯಿತು. ಆರು ಜನ ಹೋದದ್ದು, ನಾಲ್ವರು ಬಂದರು. ಬಾರದವರಲ್ಲಿ ಒಬ್ಬ ಅಲುನಿಕ್‌ರ ಅಣ್ಣ.

ಮಂಜುಗಡ್ಡೆ ಕೊಯ್ದಿತು ಎಂದು ಊರು ಹೇಳಿತು. ದೋಣಿಯನ್ನು ಎಳೆದು ತಂದು ಬೋರಲು ಹಾಕಿದಾಗ ತಾಯಿ ಒಬ್ಬಳೇ ಹೋಗಿ ಮೂತಿಯ ಮೇಲೆ ಬೆರಳಾಡಿಸಿದಳು. ಬಹಳ ಹೊತ್ತು. ಒಳಗೆ ಬಂದು, ಸೂಜಿ ಒತ್ತಲು ಹಾಕಿಕೊಳ್ಳುತ್ತಿದ್ದ ದಂತದ ಅಂಗುಸ್ತಾನವನ್ನು ಬೆರಳಿಂದ ತೆಗೆದು ಮಗಳ ಮಡಿಲಿಗೆ ಹಾಕಿದಳು. ಮತ್ತೆ ಸೂಜಿ ಮುಟ್ಟಲಿಲ್ಲ. ಮುಂದಿನ ಚಳಿಗಾಲಕ್ಕೆ ತೀರಿಹೋದಳು. ನೋಡಿದೆಯಾ ಎಂದು ಅವಳು ಕೇಳಲಿಲ್ಲ. ನೋಡಿದೆ ಎಂದು ಇವರು ಹೇಳಲಿಲ್ಲ.

ತಿಗ್ಲುಕ್ ಬಾಗಿಲಿನಿಂದಲೇ ಕೂಗುತ್ತಾನೆ. ಹೊಲಿಯುವ ದಿನ ಅಡುಗೆ ದೋಣಿಯ ಯಜಮಾನನದು. ಗಂಡಸರು ಒಳಗೆ ಬರುವಂತಿಲ್ಲ. "ಬನ್ನಿ, ಸಾರು ಆರಿ ಹೋಗುತ್ತೆ."

"ಉಪ್ಪು ಹಾಕಿದ್ದೀಯೋ, ಹೋದ ವರ್ಷದ ಹಂಗೆ ಸಮುದ್ರದ ನೀರು ಬೆರೆಸಿದ್ದೀಯೋ?" ಎನ್ನುತ್ತ ಪುಯುಕ್ ಏಳುತ್ತಾರೆ. ಒಬ್ಬೊಬ್ಬರೇ ಸೊಂಟ ಹಿಡಿದು ಪಕ್ಕದ ಮನೆಗೆ ನಡೆಯುತ್ತಾರೆ. ನಿಗುವಾನ ಕೊನೆಯವಳು. ಬಾಗಿಲಲ್ಲಿ ನಿಂತು ತಿರುಗುತ್ತಾಳೆ.

"ಬರಲ್ವಾ ಮಗಳೇ?"

"ನೀನು ಹೋಗವ್ವಾ. ದಾರ ಮುಗಿಸಿ ಬರ್ತೀನಿ."

ಅವಳು ಬಾಗಿಲನ್ನು ಮೆಲ್ಲಗೆ ಎಳೆದುಕೊಂಡು ಹೋಗುತ್ತಾಳೆ.

ಖಾಲಿ ಮನೆಯಲ್ಲಿ ಅಲುನಿಕ್ ತೊಗಲನ್ನು ಬಲ್ಬಿಗೆ ಹಿಡಿಯುತ್ತಾರೆ. ಒಂದಲ್ಲ, ಮೂರು. ಸಣ್ಣ ಮೂರು ಚುಕ್ಕೆಗಳು, ನೀರಿನಡಿಯಿಂದ ಯಾರೋ ಇತ್ತ ನೋಡುತ್ತಿರುವಂತೆ. ಅವುಗಳಲ್ಲೊಂದರ ಮೇಲೆ ಎಡಗೈ ತೋರುಬೆರಳು ಇಡುತ್ತಾರೆ. ಬೆಳಕು ಮುಚ್ಚಿಹೋಗುತ್ತದೆ. ಬೆರಳಿಗೆ ಏನೂ ತಿಳಿಯುವುದಿಲ್ಲ.

ಸಣ್ಣ ಚಾಕು ತೆಗೆದುಕೊಂಡು ಬೆಳಗಿನಿಂದ ಹೊಲಿದದ್ದನ್ನು ಬಿಚ್ಚತೊಡಗುತ್ತಾರೆ. ಎರಡು ಮೊಳದಷ್ಟು ದಾರ ಸುರುಳಿ ಸುರುಳಿಯಾಗಿ ಮಡಿಲಿಗೆ ಬೀಳುತ್ತದೆ. ಸೂಜಿ ಆಚೆ ಬಂದ ಅಂಚನ್ನು ಬೆರಳಗಲ ಕತ್ತರಿಸಿ ತೆಗೆಯುತ್ತಾರೆ. ತೊಗಲಿಗೆ ಅಷ್ಟು ಜಾಗವಿದೆ. ತುಂಡನ್ನು ಅಂಗಿಯ ಜೇಬಿಗೆ ಹಾಕಿಕೊಳ್ಳುತ್ತಾರೆ. ಕರಡಿ ಚರ್ಮದ ತಮ್ಮ ಹಾಸನ್ನು ಎತ್ತಿಕೊಂಡು ದೋಣಿಯ ಬಾಲದ ಕಡೆ, ನೀರು ಮುಟ್ಟದ ಮೇಲಂಚಿಗೆ ಹೋಗಿ ಕೂರುತ್ತಾರೆ. ತಾಯಿ ಕೊಟ್ಟ ಅಂಗುಸ್ತಾನ ಮೂತಿಯ ಹತ್ತಿರ ನೆಲದ ಮೇಲೆಯೇ ಇದೆ.

ಹೆಂಗಸರು ಬರುತ್ತಾರೆ. ಖಾಲಿ ಜಾಗ ನೋಡುತ್ತಾರೆ.

"ಇದೇನೇ, ಮೂತಿ ಬಿಟ್ಟು ಬಾಲಕ್ಕೆ ಬಂದೆ?" ಪುಯುಕ್ ಕೇಳುತ್ತಾರೆ.

"ಮೊಣಕಾಲು ಹಿಡ್ಕೊಂಡಿದೆ. ಅಲ್ಲಿ ಮಡಚಿ ಕೂರಕ್ಕಾಗಲ್ಲ. ಅವ್ವಾ, ಆ ಕಡೆ ನೀನು ಕೂತ್ಕೋ. ಎರಡು ಮೊಳ ನನಗೆ ಸಮಾಧಾನ ಆಗ್ಲಿಲ್ಲ, ಬಿಚ್ಚಿದ್ದೀನಿ."

ನಿಗುವಾನ ಕತ್ತರಿಸಿದ ಅಂಚನ್ನು ನೋಡುತ್ತಾಳೆ. ಅತ್ತೆಯ ಮುಖ ನೋಡುವುದಿಲ್ಲ. "ಸರಿ ಮಗಳೇ," ಎಂದು ಕೂತು, ಅಂಗುಸ್ತಾನವನ್ನು ಬೆರಳಿಗೆ ಹಾಕಿಕೊಳ್ಳುತ್ತಾಳೆ. ಅದು ಅಲುನಿಕ್‌ರ ಬೆರಳಿಗೆ ಯಾವತ್ತೂ ಕೊಂಚ ಸಡಿಲವೇ ಇತ್ತು. ಅವಳಿಗೆ ಸರಿಯಾಗಿ ಕೂರುತ್ತದೆ.

ಸಂಜೆ ಎಂಟರ ಹೊತ್ತಿಗೆ ಕೊನೆಯ ಗಂಟು ಬೀಳುತ್ತದೆ. ಆರು ಹೆಂಗಸರು ಸೇರಿ ತೊಗಲನ್ನು ಎತ್ತಿ ದೀಪಕ್ಕೆ ಹಿಡಿಯುತ್ತಾರೆ. ಮೂತಿಯಿಂದ ಬಾಲದವರೆಗೆ ಎಲ್ಲೂ ಬೆಳಕಿಲ್ಲ. ಯಾರೂ ಹೊಗಳುವುದಿಲ್ಲ, ಹೊಗಳುವ ಹಾಗಿಲ್ಲ. ಪುಯುಕ್ ಮಾತ್ರ ಮೂಗು ಒರೆಸಿಕೊಂಡು, "ಈ ಕೈ ಎಲ್ಲೋ ನೋಡಿದ ಹಾಗಿದೆ," ಎನ್ನುತ್ತಾರೆ. ಉಳಿದವರು ತೊಗಲನ್ನು ಮಡಚತೊಡಗುತ್ತಾರೆ.

ಹೊರಗೆ ಮಂಜು ಇನ್ನೂ ಕರಗಿಲ್ಲ. ನಾಳೆ ಗಂಡಸರು ತೊಗಲನ್ನು ಎಲುಬುಗೂಡಿಗೆ ಬಿಗಿಯುತ್ತಾರೆ. ನಿಗುವಾನ ಹಿಂದಿನಿಂದ ಬಂದು ಅಂಗುಸ್ತಾನ ಚಾಚುತ್ತಾಳೆ. "ನಿಂದು."

"ನಿನ್ನ ಹತ್ರಾನೇ ಇರಲಿ, ಆಮೇಲೆ ಇಸ್ಕೋತೀನಿ," ಎನ್ನುತ್ತಾರೆ ಅಲುನಿಕ್.

ಏನಾದರೂ ಆಸೆ ಇದೆಯೇ ಎಂದು ಕೇಳಿದರೆ ಅವರು ಸಮುದ್ರದ ಕಡೆ ತಿರುಗುತ್ತಾರೆ. "ಈ ಸಲ ಯಾವುದಾದ್ರೂ ಹಳೇದು ಬರಲಿ. ಎಲ್ಲ ನೋಡಿರೋಂಥದ್ದು. ನಮ್ಮ ದೋಣಿಯ ಮೂತೀನ ಕೆಳಗಿಂದ ಒಂದ್ಸಲ ನೋಡಲಿ. ಅಷ್ಟೇ."

ಮಂಜಿನ ಆಚೆ, ಇನ್ನೂ ಹದಿನೈದು ದಿನ ಯಾವ ತಿಮಿಂಗಿಲವೂ ಬಾರದ ಕಡೆಯಿಂದ, ದೀರ್ಘವಾದ ಒಂದು ಉಸಿರು ಕೇಳುತ್ತದೆ. ಅತ್ತೆ ಸೊಸೆ ಇಬ್ಬರೂ ನಿಲ್ಲುತ್ತಾರೆ. ಇನ್ನೊಂದು ಉಸಿರು ಬರುವುದಿಲ್ಲ. ಅಲುನಿಕ್ ಜೇಬಿನೊಳಗೆ ಕೈ ಹಾಕಿ, ಮೂರು ತೂತಿನ ತೊಗಲ ತುಂಡನ್ನು ಕೆನ್ನೆಗೆ ಉಜ್ಜಿ ನೋಡಿ, ಮತ್ತೆ ಜೇಬಿಗೇ ಹಾಕಿಕೊಳ್ಳುತ್ತಾರೆ. ಅಂಗುಸ್ತಾನವನ್ನು ಅವರು ಇಸಿದುಕೊಳ್ಳುವುದಿಲ್ಲ. ಮುಂದಿನ ವಸಂತವೂ ಮೊಣಕಾಲು ನೋಯುತ್ತದೆ.