ನಂದಕ್ಕ ಮುಂಜಾನೆ ಎತ್ತರ ಇದ್ದಳು

ಬೆಚ್ಚಗೆ ಕಾಯಿಸಿದ ಕುಸುಬಿ ಎಣ್ಣೆಯ ವಾಸನೆ ಬಂದರೆ ಇವತ್ತಿಗೂ ನಾನು ಇದ್ದಲ್ಲೇ ಒಂದು ಗಳಿಗೆ ನಿಂತುಬಿಡುತ್ತೇನೆ. ಮೊನ್ನೆ ಆಳಂದದ ಬಜಾರಿನಲ್ಲಿ ಎಣ್ಣೆ ಗಿರಣಿಯ ಮುಂದೆ ಹಾಗೇ ನಿಂತಿದ್ದೆ. ಹಿಂದೆ ಬಂದ ಮೋಟಾರ್ ಸೈಕಲ್ಲಿನವನು ಹಾರನ್ ಹೊಡೆದು, ಬೈದುಕೊಂಡು ಹೋದ. ಬೈಯಲಿ ಬಿಡಿ. ಆ ವಾಸನೆಯೊಳಗೆ ಮಾದನಹಿಪ್ಪರಗಾದ ನಮ್ಮ ಮನೆ ಇದೆ: ಮಣ್ಣಿನ ಮಾಳಿಗೆ, ಹೊಗೆ ಕುಡಿದು ಕಪ್ಪಾದ ತೊಲೆಗಳು, ಪಡಸಾಲೆಯ ಮೂಲೆಯಲ್ಲಿ ಶರಣು ಕಾಕಾನ ಹೊಲಿಗೆ ಮಷೀನು, ತಣ್ಣನೆಯ ನೆಲದ ಮೇಲೆ ಬೋರಲು ಮಲಗಿ ಬೆನ್ನಿಗೆ ಎಣ್ಣೆ ತಿಕ್ಕಿಸಿಕೊಳ್ಳುತ್ತಿದ್ದ ನಂದಕ್ಕ. ಅಪ್ಪ, ಅವನ ತಮ್ಮಂದಿರಾದ ಕಾಕಂದಿರು ಆಸ್ತಿ ಪಾಲು ಮಾಡಿಕೊಂಡ ಮೇಲೆ ಆ ಮಾಳಿಗೆ ಕೆಡವಿ ಸಿಮೆಂಟಿನ ಕೋಣೆಗಳನ್ನು ಎಬ್ಬಿಸಿದರು. ನಿಮ್ಮ ಊರಲ್ಲೂ ಅಂಥದೊಂದು ಮನೆ ಹೀಗೇ ಹೋಗಿರಬಹುದು, ಆದ್ದರಿಂದ ಹೆಚ್ಚು ಬಿಡಿಸಿ ಹೇಳುವುದಿಲ್ಲ.

ನಂದಕ್ಕ ನನ್ನ ಒಡಹುಟ್ಟಿದ ಅಕ್ಕ, ನನಗಿಂತ ಬಹಳ ದೊಡ್ಡವಳು. ಪೊಲೀಸ್ ಆಗಬೇಕೆಂಬುದು ಅವಳ ಒಂದೇ ಹಟ. ಓಟದಲ್ಲಿ ಅವಳನ್ನು ಹಿಡಿಯುವ ಗಂಡು ಹುಡುಗರೂ ನಮ್ಮ ಓಣಿಯಲ್ಲಿರಲಿಲ್ಲ, ಓದಿನಲ್ಲೂ ಚುರುಕು. ಕೊರತೆಯೆಲ್ಲ ಎತ್ತರದ್ದು. ಪೊಲೀಸ್ ನೇಮಕದ ಭರ್ತಿಗೆ ಬೇಕಾದ ಎತ್ತರಕ್ಕೆ ಅವಳು ಚೂರೇ ಚೂರು ಕಡಿಮೆ ಬೀಳುತ್ತಿದ್ದಳು. ಜೇವರ್ಗಿ ಕಡೆಯ ಕೊಳಕೂರಿನಿಂದ ಆಗಲೇ ಒಬ್ಬರು ಬಂದು ಹೆಣ್ಣು ನೋಡಿಕೊಂಡು ಹೋಗಿದ್ದರು. ಅಪ್ಪ ಮಾತು ಬೆಳೆಸುವವನಲ್ಲ. "ಈ ಸಲ ಆದ್ರ ನೌಕರಿ. ಆಗ್ಲಿಲ್ಲಂದ್ರ ಕೊಳಕೂರಿನವರಿಗಿ ಮಾತ ಕೊಡ್ತೇನಿ" ಅಂದುಬಿಟ್ಟ. ಅಕ್ಕ ಅವತ್ತು ಊಟ ಮಾಡಲಿಲ್ಲ. ಮರುದಿನ ಶರಣು ಕಾಕಾ ಕಲಬುರಗಿಗೆ ಹೋಗಿ ಬಂದ. ಅಲ್ಲಿ ಗಲ್ಲಿಗೊಂದು ಪೊಲೀಸ್ ತರಬೇತಿ ಅಕಾಡೆಮಿಯ ಬೋರ್ಡು ಇದೆಯೆಂದೂ, ಎಲ್ಲರೂ ಓಡುವುದನ್ನು ಕಲಿಸುತ್ತಾರೆಯೇ ಹೊರತು ಎತ್ತರವಾಗುವುದನ್ನು ಯಾರೂ ಕಲಿಸುವುದಿಲ್ಲವೆಂದೂ ಹೇಳಿದ. ಆಮೇಲೆ ಮಷೀನಿನ ಮುಂದೆ ಕೂತು, ನಮ್ಮ ಪಡಸಾಲೆಯಲ್ಲೇ 'ಎತ್ತರ ಮತ್ತು ಭೂಮಿಯ ಎಳೆತದ ಅಕಾಡೆಮಿ' ಶುರುವಾಗಿದೆ ಎಂದು ಸಾರಿದ. ಪ್ರಿನ್ಸಿಪಾಲ ಅವನು, ವಿದ್ಯಾರ್ಥಿನಿ ನಂದಕ್ಕ, ಉಳಿದ ಸಿಬ್ಬಂದಿಯೆಲ್ಲ ನಾನೊಬ್ಬಳೇ.

ನಗಬೇಡಿ, ಅಲ್ಲಿ ನಿಜವಾಗಿಯೂ ಸಂಶೋಧನೆ ನಡೆಯುತ್ತಿತ್ತು. ಬೆನ್ನು ಹಿಗ್ಗಲೆಂದು ಅಕ್ಕನಿಗೆ ಬಿಸಿ ಎಣ್ಣೆ ತಿಕ್ಕುವುದು ನನ್ನ ಕೆಲಸ. ಆಮೇಲೆ ಅವಳು ತೊಲೆ ಹಿಡಿದು ಜೋತಾಡುವಳು, ನಾನು ಅವಳ ಕಾಲು ಹಿಡಿದು ಜಗ್ಗುವೆ, ಕಾಕಾ ಕೊರಳಿನ ಟೇಪು ತೆಗೆದು ಅಳೆಯುವನು. ನಮ್ಮ ಅಜ್ಜಿಗೆ ನಾವು ಆಯಿ ಅನ್ನುತ್ತಿದ್ದೆವು. ಅವಳು ಒಲೆಯ ಮುಂದಿನಿಂದಲೇ ಕೂಗುವಳು: "ಲೇ ಶರಣ್ಯಾ, ಹೆಣ್ಣ ಹುಡುಗಿನ ಬಾವಲಿ ಮಾಡಾಕತ್ತಿಯೇನೋ?" ಒಂದು ದಿನ ಕಾಕಾನಿಗೆ ದೊಡ್ಡ ಸಂಗತಿಯೊಂದು ಹೊಳೆಯಿತು. ಹಾಸಿಗೆಯಿಂದ ಏಳುತ್ತಲೇ ಅಳೆದರೆ ಅಕ್ಕ ಬೇಕಾದಷ್ಟು ಎತ್ತರ ಇರುತ್ತಿದ್ದಳು, ಹೊತ್ತು ಏರಿದಂತೆ ಕುಗ್ಗುತ್ತಿದ್ದಳು. ನನ್ನನ್ನೂ ಆಯಿಯನ್ನೂ ಅಳೆದು ನೋಡಿದ, ಹಾಗೇ ಇತ್ತು. ಎಮ್ಮೆಯನ್ನೂ ಅಳೆಯಲು ಹೋಗಿ ಒದೆ ತಿಂದ. "ಹಗಲೆಲ್ಲ ಭೂಮಿ ನಮ್ಮನ್ನ ಕೆಳಗ ಜಗ್ತದ ಬೇ ನಂದಾ. ಮಲಗಿದಾಗಷ್ಟೇ ಕೈ ಬಿಡ್ತದ" ಎಂದ. ಅಕ್ಕನ ಮುಖ ಅವತ್ತು ಅರಳಿದ್ದು ನನಗೆ ಈಗಲೂ ಕಣ್ಣಿಗೆ ಕಟ್ಟಿದಂತಿದೆ. ಅಂದರೆ ಅವಳು ಗಿಡ್ಡ ಅಲ್ಲ, ಭೂಮಿಯೊಂದು ತಕರಾರು ಮಾಡುತ್ತಿತ್ತು, ಅಷ್ಟೇ.

ಹಾಗಾಗಿ ಭರ್ತಿಯ ದಿನ ಅವಳನ್ನು ಏಳಗೊಡಲಿಲ್ಲ. ಹಾಸಿಗೆ ಸಮೇತ ಎತ್ತಿ ಮೆಹಬೂಬ ಚಾಚಾನ ಟೆಂಪೋದಲ್ಲಿ ಮಲಗಿಸಿದೆವು. ಆಯಿ ಬಗ್ಗಿ, ಮಲಗಿದವಳ ಬಾಯಿಗೇ ಸಕ್ಕರೆ ಹಾಕಿದಳು. ಚಾಚಾ ದಿನಾ ಟೊಮೆಟೊ ಬುಟ್ಟಿ ಒಯ್ಯುವವನು, ಅವತ್ತು ಮೊಟ್ಟೆ ಒಯ್ಯುವವನಂತೆ ಗಾಡಿ ಹೊಡೆದ. ಅಕ್ಕ ತಲೆ ಎತ್ತಿದರೆ ಸಾಕು, "ನಕ್ಕೋ ಬೇಟೀ, ಏಳಬ್ಯಾಡ. ಗುಂಡಿ ಬಂದ್ರ ನಾ ಸಾವಕಾಶ ಹೊಡಿತೇನಿ" ಎನ್ನುತ್ತಿದ್ದ. ಆಳಂದದಲ್ಲಿ ಚಹಾಕ್ಕೆ ನಿಲ್ಲಿಸಿದಾಗ ಬಸ್ಸಿಗೆ ಕಾಯುತ್ತಿದ್ದ ಹೆಂಗಸೊಬ್ಬಳು ಇಣುಕಿ, "ಅಯ್ಯ, ಏನಾಗ್ಯಾದ್ರಿ ಹುಡುಗಿಗಿ?" ಎಂದು ಸೆರಗು ಬಾಯಿಗೆ ಹಿಡಿದಳು. "ಏನೂ ಆಗಿಲ್ರಿ, ಪೊಲೀಸ್ ಆಗಾಕ ಹೊಂಟಾಳ" ಎಂದ ಕಾಕಾ. ಅಕ್ಕ ಚಾದರದೊಳಗೆ ಕಿಸಕ್ಕನೆ ನಕ್ಕಳು. ನಾನು ಬಿಸಿಲು ಬೀಳದಂತೆ ಅವಳ ಮುಖಕ್ಕೆ ಕೊಡೆ ಹಿಡಿದು ಕೂತಿದ್ದೆ. ಅಂಥ ಸುಖದ ಪ್ರಯಾಣ ನನ್ನ ಬಾಳಿನಲ್ಲಿ ಮತ್ತೆ ಬಂದಿಲ್ಲ.

ಕಲಬುರಗಿಯ ಮೈದಾನದಲ್ಲಿ ಭರ್ತಿಯ ಸಾಲು ಕಣ್ಣಿಗೆ ನಿಲುಕದಷ್ಟು ಉದ್ದ ಇತ್ತು. ಬೇರೆಯವರನ್ನು ಒಳಗೆ ಬಿಡಲಿಲ್ಲ. ನಾನೂ ಕಾಕಾನೂ ತಂತಿ ಬೇಲಿಗೆ ಅಂಟಿ ನಿಂತೆವು. ಮೊದಲು ಓಡಿಸಿದರು, ಅಕ್ಕ ಎಲ್ಲರಿಗಿಂತ ಮುಂದೆ ಬಂದಳು. ಆಮೇಲೆ ನಿಲ್ಲಿಸಿದರು, ನಿಲ್ಲಿಸಿಯೇ ಬಿಟ್ಟರು. ಹೊತ್ತು ನೆತ್ತಿಗೆ ಬಂತು, ವಾಲಿತು. "ಮಲಗ ಬೇ ನಂದಾ, ಅಲ್ಲೇ ಮಲಗ!" ಎಂದು ಕಾಕಾ ಬೇಲಿಯಿಂದ ಕೂಗಿಕೊಂಡ. ಅಷ್ಟು ಹುಡುಗಿಯರ ನಡುವೆ ಮಣ್ಣಿನಲ್ಲಿ ಹೇಗೆ ಮಲಗಿಯಾಳು? ಅವಳು ತಲೆ ತಗ್ಗಿಸಿದಳು. ಸರದಿ ಬಂದಾಗ ಅಳೆಯುವ ಕೋಲಿನ ಪಟ್ಟಿ ಅವಳ ನೆತ್ತಿಗೆ ಇಳಿದು ಮುಟ್ಟಿತು. ಅಳೆಯುತ್ತಿದ್ದ ಮೇಡಂ ಒಳ್ಳೆಯವರು, ಹಿಮ್ಮಡಿ ಸರಿ ಮಾಡಿ ನಿಲ್ಲಿಸಿ ಇನ್ನೊಮ್ಮೆ ನೋಡಿದರು. ಆಮೇಲೆ ತಲೆ ಆಡಿಸಿದರು. ಅಕ್ಕ ಅಳಲಿಲ್ಲ. "ಮುಂಜಾನಿ ಇದ್ದೆರಿ ಮೇಡಂ" ಅಂದಳು. "ಖರೇನ್ರಿ, ಮುಂಜಾನಿ ನಾ ಅಷ್ಟ ಇದ್ದೆ." ಸುತ್ತ ನಿಂತ ಹುಡುಗಿಯರು ನಕ್ಕರು. ವಾಪಸು ಬರುವಾಗ ಅಕ್ಕ ಟೆಂಪೋದ ಸರಳು ಹಿಡಿದು ಊರತನಕ ನಿಂತೇ ಬಂದಳು.

ಕೊಳಕೂರಿನವರು ಕೆಟ್ಟವರಲ್ಲ, ಆ ಮಾತು ಹೇಳಬಾರದು. ಅವಳ ಗಂಡ ಅವಳನ್ನು ಚೆನ್ನಾಗಿಯೇ ನೋಡಿಕೊಂಡ. ಆದರೆ ನಾನು ಹೋದಾಗಲೆಲ್ಲ ಅಕ್ಕ ಇನ್ನಷ್ಟು ಮೆತ್ತಗೆ ಮಾತಾಡುತ್ತಿದ್ದಳು, ಓಡುವುದಿರಲಿ, ಅಂಗಳದಲ್ಲಿ ಬೇಗ ನಡೆದದ್ದನ್ನೂ ನಾನು ಕಾಣಲಿಲ್ಲ. ಕೆಲವೇ ವರ್ಷಕ್ಕೆ ಕಾಮಾಲೆ ಬಂದು, ನಮಗೆ ಸುದ್ದಿ ಮುಟ್ಟುವುದರೊಳಗೆ ಹೋಗಿಬಿಟ್ಟಳು. ನನ್ನ ಎದೆ ಅವತ್ತು ಒಡೆದದ್ದು ಈಗಲೂ ಕೂಡಿಲ್ಲ.

ನಮ್ಮಲ್ಲಿ ಹೋದವರನ್ನು ಮಲಗಿಸುವುದಿಲ್ಲ. ಗೋಡೆಗೆ ಆನಿಸಿ ಕೂಡಿಸುತ್ತಾರೆ, ಮಣ್ಣು ಕೊಡುವಾಗಲೂ ಕೂತ ಹಾಗೆಯೇ ಕೊಡುತ್ತಾರೆ. ನಾವು ಹೋದಾಗ ಹಾಗೇ ಕೂಡಿಸಿದ್ದರು, ಭಜನೆ ನಡೆದಿತ್ತು. ಹೊಲಿಯುತ್ತಿದ್ದ ಅರಿವೆ ಅಲ್ಲೇ ಬಿಟ್ಟು ಬಂದಿದ್ದ ಕಾಕಾ ಬಾಗಿಲಿನಿಂದಲೇ ಅವಳು ಕೂತದ್ದನ್ನು ಕಂಡ. ಜನರನ್ನು ಸರಿಸಿಕೊಂಡು ಓಡಿ ಅವಳ ಹೆಗಲು ಹಿಡಿದ. "ಮಲಗಸ್ರೋ ಆಕಿನ್ನ, ಕೂಡಸಬ್ಯಾಡ್ರಿ, ಕೈ ಮುಗಿತೇನಿ ಮಲಗಸ್ರಿ. ಕುಗ್ಗತಾಳ ನನ್ನ ಮಗಳು!" ದುಃಖಕ್ಕೆ ತಲೆ ಕೆಟ್ಟಿದೆ ಎಂದುಕೊಂಡು ಊರ ಹಿರಿಯರು ಅವನ ತೋಳು ಹಿಡಿದು ಹೊರಗೆ ಕರೆದೊಯ್ದರು. ಕಾಕಾ ಏನು ಹೇಳುತ್ತಿದ್ದಾನೆಂದು ಆ ಮನೆಯಲ್ಲಿ ಯಾರಿಗೂ ತಿಳಿಯಲಿಲ್ಲ. ಯಾರಿಗೆ ತಿಳಿಯಬೇಕು? ಅಕಾಡೆಮಿಯಲ್ಲಿ ಇದ್ದವರು ನಾವು ಮೂವರೇ, ಅವರಲ್ಲಿ ಒಬ್ಬಳು ಹಣೆಗೆ ವಿಭೂತಿ ಬಳಿಸಿಕೊಂಡು ಗೋಡೆಗೆ ಒರಗಿ ಕೂತಿದ್ದಳು.